ಮನೆಯ ಮೂಕ ಕಾವಲುಗಾರ

ವಿದ್ಯುಚ್ಛಕ್ತಿಯು ನಮ್ಮ ನಾಡಿಗೆ ಬಂದು ಒಂದು ಶತಮಾನಕ್ಕೂ ಮಿಗಿಲಾಯಿತು. 1902ರಲ್ಲಿ ಶಿವನಸಮುದ್ರದ ಬಳಿ ಕಾವೇರಿಯ ನೀರಿನಿಂದ ಉತ್ಪಾದಿಸಿದ ವಿದ್ಯುತ್ತು ಸುಮಾರು 147 ಕಿಲೋಮೀಟರ್ ದೂರ ತಂತಿಯಲ್ಲಿ ಸಾಗಿ ಕೋಲಾರದ ಚಿನ್ನದ ಗಣಿಗಳನ್ನು ತಲುಪಿತು. 1905ರಲ್ಲಿ ಬೆಂಗಳೂರಿನ ಬೀದಿಗಳಲ್ಲಿ ವಿದ್ಯುದ್ದೀಪಗಳು ಬೆಳಗಿದವು. ಅಂದು ಜನರು ಬೆರಗಿನಿಂದ ನೋಡಿದ ಆ ಶಕ್ತಿಯು ಇಂದು ನಮ್ಮ ಮನೆಗಳಲ್ಲಿ ಹಿಟ್ಟು ರುಬ್ಬುತ್ತದೆ, ಸ್ನಾನಕ್ಕೆ ನೀರು ಕಾಯಿಸುತ್ತದೆ, ಬಟ್ಟೆ ಒಗೆಯುತ್ತದೆ. ಬಳಕೆಯಿಂದ ಸಲಿಗೆ ಬೆಳೆಯುತ್ತದೆ. ಸಲಿಗೆಯಿಂದ ಅಲಕ್ಷ್ಯ ಹುಟ್ಟುತ್ತದೆ. ಈ ಮಾತಿಗೆ ನಾನೇ ಒಂದು ನಿದರ್ಶನ.

ನಮ್ಮ ಮನೆಯ ನಡುಕೋಣೆಯ ಗೋಡೆಯಲ್ಲಿ ವಿದ್ಯುತ್ ಫಲಕವೊಂದಿದೆ. ಹಿಂದೆ ಅದರಲ್ಲಿ ಪಿಂಗಾಣಿಯ ಫ್ಯೂಸುಗಳಿದ್ದವು. ಹೊರೆ ಹೆಚ್ಚಿದಾಗ ಫ್ಯೂಸಿನ ತೆಳುವಾದ ತಂತಿ ಕರಗಿ ಮನೆ ಕತ್ತಲಾಗುತ್ತಿತ್ತು. ಮಳೆಗಾಲದ ಒಂದು ರಾತ್ರಿ ಮೂರು ಬಾರಿ ಹೀಗಾದಾಗ ಬೇಸತ್ತ ನಾನು, ಹಳೆಯ ವೈರಿನಿಂದ ದಪ್ಪನೆಯ ತಾಮ್ರದ ಎಳೆಗಳನ್ನು ಕಿತ್ತು ಫ್ಯೂಸಿಗೆ ಸುತ್ತಿದೆ. ಮತ್ತೆ ದೀಪ ಆರಲಿಲ್ಲ. ನನ್ನ ಜಾಣತನಕ್ಕೆ ನಾನೇ ಬೀಗಿದೆ. ಕಾವಲುಗಾರನ ಕಣ್ಣುಕಟ್ಟಿ ಕೂರಿಸಿದ್ದೇನೆಂಬ ಅರಿವು ಅಂದು ನನಗಿರಲಿಲ್ಲ. ಕೆಲವು ವರ್ಷಗಳ ಬಳಿಕ ಆ ಫ್ಯೂಸುಗಳನ್ನು ತೆಗೆಸಿ ಎಂ.ಸಿ.ಬಿ. ಎಂದು ಕರೆಯುವ ಪುಟ್ಟ ಸರ್ಕ್ಯೂಟ್ ಬ್ರೇಕರುಗಳನ್ನು ಹಾಕಿಸಿದೆವು.

ಈಚೆಗೆ ಅವುಗಳಲ್ಲಿ ಒಂದು ದಿನವೂ ಬೆಳಿಗ್ಗೆ ತಾನಾಗಿ ಕೆಳಗೆ ಬೀಳತೊಡಗಿತು. ಅದರ ಸನ್ನೆಯನ್ನು ಮೇಲೆತ್ತಿದರೆ ಕೆಲವು ನಿಮಿಷಗಳಲ್ಲಿ ಮತ್ತೆ ಬೀಳುತ್ತಿತ್ತು. ಅದರ ಮೇಲೆ 16 ಆಂಪಿಯರ್ ಎಂದು ಬರೆದಿತ್ತು. ನಾನು ಅಂಗಡಿಗೆ ಹೋಗಿ 32 ಆಂಪಿಯರಿನ ಹೊಸದೊಂದನ್ನು ಕೊಂಡು ತಂದೆ. ಎರಡರಷ್ಟು ಬಲವುಳ್ಳದ್ದು ಎರಡರಷ್ಟು ಒಳ್ಳೆಯದೆಂಬುದು ನನ್ನ ಲೆಕ್ಕ. ನನ್ನ ಹಳೆಯ ವಿದ್ಯಾರ್ಥಿಯೊಬ್ಬ ಈಗ ಪರವಾನಗಿ ಪಡೆದ ವಿದ್ಯುತ್ ಕೆಲಸಗಾರ. ಅವನನ್ನು ಬರಹೇಳಿ, "ಇದನ್ನು ಕೂಡಿಸಿ ಕೊಡಪ್ಪ, ಐದು ನಿಮಿಷದ ಕೆಲಸ" ಎಂದೆ.

ಅವನು ಅದನ್ನು ಕೈಯಲ್ಲಿ ಹಿಡಿದು ನೋಡಿ ಮೇಜಿನ ಮೇಲಿಟ್ಟನು. "ಇದನ್ನು ನಾನು ಹಾಕಲಾರೆ, ಮೇಷ್ಟ್ರೇ" ಎಂದನು.

"ಏಕಪ್ಪಾ? ಇದರ ಮೇಲೆ ಐ.ಎಸ್.ಐ. ಗುರುತೂ ಇದೆಯಲ್ಲ!"

"ವಸ್ತು ಒಳ್ಳೆಯದೇ. ಆದರೆ ಬ್ರೇಕರು ಕಾಯುವುದು ಗೀಸರನ್ನಲ್ಲ, ಒಲೆಯನ್ನೂ ಅಲ್ಲ, ಗೋಡೆಯೊಳಗಿನ ತಂತಿಯನ್ನು. ಈ ಸಾಲಿನಲ್ಲಿರುವುದು 2.5 ಚದರ ಮಿಲಿಮೀಟರಿನ ತಂತಿ. ಅದಕ್ಕೆ 16 ಆಂಪಿಯರೇ ತಕ್ಕ ಕಾವಲು. 32 ಹಾಕಿದರೆ ತಂತಿ ಕಾದು ಅದರ ಹೊದಿಕೆ ಕರಗುತ್ತಿದ್ದರೂ ಬ್ರೇಕರು ಬೀಳುವುದಿಲ್ಲ. ಈ ತಂತಿ ಯಾವ ಗೋಡೆಯಲ್ಲಿ ಹೋಗಿದೆ, ಮೇಷ್ಟ್ರೇ?"

ನಾನು ಉತ್ತರಿಸಲಿಲ್ಲ. ಅದು ಹೋಗಿದ್ದುದು ನನ್ನ ಮೊಮ್ಮಗಳು ಮಲಗುವ ಕೋಣೆಯ ಗೋಡೆಯಲ್ಲಿ, ಅವಳ ಮಂಚದ ತಲೆಯ ಬದಿಯಲ್ಲಿ.

ಅವನು ಮೊಮ್ಮಗಳನ್ನು ಕರೆದು ಲೆಕ್ಕ ಬರೆಸಿದನು. ಗೀಸರು 2000 ವ್ಯಾಟ್, ವಿದ್ಯುತ್ ಒಲೆ 2000 ವ್ಯಾಟ್, ನೀರು ಕಾಯಿಸುವ ಕೆಟಲು 1500 ವ್ಯಾಟ್, ಇಸ್ತ್ರಿಪೆಟ್ಟಿಗೆ 1000 ವ್ಯಾಟ್. ಒಟ್ಟು 6500 ವ್ಯಾಟ್. ಅದನ್ನು 230 ವೋಲ್ಟಿನಿಂದ ಭಾಗಿಸಿದರೆ 28 ಆಂಪಿಯರಿಗೂ ಹೆಚ್ಚು! ಬೆಳಗಿನ ಅವಸರದಲ್ಲಿ ಇವೆಲ್ಲವೂ ಒಂದೇ ಸಾಲಿನ ಮೇಲೆ ಬೀಳುತ್ತಿದ್ದವು. ಬ್ರೇಕರು ಕೆಟ್ಟದ್ದೆಂದು ನಾನು ದೂರುತ್ತಿದ್ದೆ. ಅದು ತನ್ನ ಕರ್ತವ್ಯವನ್ನೇ ಮಾಡುತ್ತಿತ್ತು.

ಈ ಪುಟ್ಟ ಸಾಧನದ ಒಳರಚನೆ ಸ್ವಾರಸ್ಯಕರವಾದುದು. ಜರ್ಮನಿಯ ಮ್ಯಾನ್‌ಹೈಮಿನಲ್ಲಿ ಹ್ಯೂಗೋ ಸ್ಟಾಟ್ಸ್ ಎಂಬಾತನ ಸಂಸ್ಥೆಯು 1924ರಲ್ಲಿ ಇದರ ಮೂಲರೂಪಕ್ಕೆ ಹಕ್ಕುಪತ್ರ ಪಡೆಯಿತು. ಇದರೊಳಗೆ ಇಬ್ಬರು ಕಾವಲುಗಾರರಿದ್ದಾರೆ. ಮೊದಲನೆಯದು, ಎರಡು ಬೇರೆ ಬೇರೆ ಲೋಹಗಳನ್ನು ಬೆಸೆದ ಪಟ್ಟಿ. ಕಾವಿಗೆ ಒಂದು ಲೋಹ ಹೆಚ್ಚು ಹಿಗ್ಗುತ್ತದೆ, ಇನ್ನೊಂದು ಕಡಿಮೆ. ಆದುದರಿಂದ ಪಟ್ಟಿ ನಿಧಾನವಾಗಿ ಬಾಗಿ ಕೊಂಡಿಯನ್ನು ಕಳಚುತ್ತದೆ. ಮಿತಿಮೀರಿದ ಹೊರೆಯನ್ನು ತಡೆಯುವುದು ಇದರ ಕೆಲಸ. ಎರಡನೆಯದು ತಂತಿಯ ಸುರುಳಿ. ಎರಡು ತಂತಿಗಳು ಒಂದಕ್ಕೊಂದು ತಗುಲಿ ವಿದ್ಯುತ್ತು ಒಮ್ಮೆಲೇ ನುಗ್ಗಿದಾಗ, ಈ ಸುರುಳಿ ಅಯಸ್ಕಾಂತವಾಗಿ ಕೊಂಡಿಯನ್ನು ಕಣ್ಣು ಮಿಟುಕಿಸುವಷ್ಟರಲ್ಲಿ ಸೆಳೆಯುತ್ತದೆ. ಒಬ್ಬನು ತಾಳ್ಮೆಯವನು, ಮತ್ತೊಬ್ಬನು ಚುರುಕಿನವನು. ಮನೆಯ ಕಾವಲಿಗೆ ಇಬ್ಬರೂ ಬೇಕು.

ಆದರೂ ಹಳೆಯ ಬ್ರೇಕರನ್ನು ಬದಲಿಸಲೇಬೇಕಾಗಿತ್ತು. ಅದರ ಒಂದು ಮೂಲೆ ಕಂದುಬಣ್ಣಕ್ಕೆ ತಿರುಗಿತ್ತು, ಸನ್ನೆ ಸಡಿಲಗೊಂಡಿತ್ತು. ತಿರುಪು ಸಡಿಲವಾದರೆ ಜೋಡಣೆಯ ಜಾಗ ಕಾಯುತ್ತದೆ. ಕಾದಷ್ಟೂ ಜೋಡಣೆ ಇನ್ನೂ ಕೆಡುತ್ತದೆ. ಅಂತಹ ಬ್ರೇಕರು ನಿಜವಾದ ಅಪಾಯದ ಹೊತ್ತಿಗೆ ಬೀಳದೆಯೂ ಇರಬಹುದು.

ಅವನ ಕೆಲಸದ ಕ್ರಮವನ್ನು ನಾನು ದೂರದಲ್ಲಿ ನಿಂತು ನೋಡಿದೆ. ಒಣಗಿದ ಪಾದರಕ್ಷೆ ಧರಿಸಿ, ಕೈಯ ಉಂಗುರ ಮತ್ತು ಗಡಿಯಾರಗಳನ್ನು ತೆಗೆದಿಟ್ಟನು. ಎಲ್ಲ ಉಪಕರಣಗಳನ್ನು ನಿಲ್ಲಿಸಿ, ಮೇನ್ ಸ್ವಿಚ್ಚನ್ನು ಆರಿಸಿದನು. ಬಳಿಕ ಇನ್ವರ್ಟರನ್ನೂ ಆರಿಸಿ ಅದರ ಸಂಪರ್ಕವನ್ನು ಬಿಡಿಸಿದನು. "ಮೇನ್ ಆರಿಸಿದರೂ ಇನ್ವರ್ಟರಿನ ಕರೆಂಟು ತಂತಿಯಲ್ಲಿ ಇರುತ್ತದೆ. ಇದನ್ನು ಮರೆತು ಪ್ರಾಣಕ್ಕೆ ಕುತ್ತು ತಂದುಕೊಳ್ಳಬಾರದು" ಎಂದನು. ಯಾರೂ ಸ್ವಿಚ್ಚು ಹಾಕದಂತೆ ಮೊಮ್ಮಗಳನ್ನು ಅದರ ಹತ್ತಿರ ಕಾವಲಿಗೆ ನಿಲ್ಲಿಸಿದನು.

ಆಮೇಲೆ ಪರೀಕ್ಷೆ. ವೋಲ್ಟೇಜು ಅಳೆಯುವ ಮೀಟರನ್ನು ಮೊದಲು ಮೇನ್ ಸ್ವಿಚ್ಚಿಗೆ ಹೊರಗಿನಿಂದ ಬರುವ ತಂತಿಯ ಬದಿಗೆ ಹಿಡಿದನು. ಅದು 230ರ ಸಮೀಪದ ಅಂಕೆಯನ್ನು ತೋರಿಸಿತು. ಅನಂತರ ಬ್ರೇಕರಿನ ಎರಡೂ ತುದಿಗಳಲ್ಲಿ ಹಿಡಿದನು, ಸೊನ್ನೆ ಬಂದಿತು. ತಿರುಗಿ ಹೊರಗಿನ ಬದಿಯನ್ನು ನೋಡಿದನು; ಮತ್ತೆ ಅದೇ ಅಂಕೆ.

"ಮೂರು ಸಲ ಏಕೆ?" ಎಂದು ಕೇಳಿದೆ.

"ಮೀಟರೇ ಕೆಟ್ಟಿದ್ದರೂ ಸೊನ್ನೆಯನ್ನೇ ತೋರಿಸುತ್ತದೆಯಲ್ಲ, ಮೇಷ್ಟ್ರೇ! ಅದು ಸರಿಯಾಗಿದೆಯೆಂದು ಮೊದಲೂ ಕೊನೆಗೂ ತಿಳಿಯಬೇಕು. ಇನ್ನೊಂದು ಮಾತು. ಮೇನ್ ಆರಿಸಿದರೂ ಅದರ ಹೊರಬದಿಯಲ್ಲಿ ವಿದ್ಯುತ್ತು ಇದ್ದೇ ಇರುತ್ತದೆ. ಅಲ್ಲಿಗೂ ಮೀಟರು ಪೆಟ್ಟಿಗೆಗೂ ಕೈ ಹಾಕುವ ಹಕ್ಕು ವಿದ್ಯುತ್ ಕಂಪನಿಯವರದು."

ನಾನೊಬ್ಬನೇ ಈ ಕೆಲಸಕ್ಕೆ ಕೈ ಹಾಕಿದ್ದರೆ ಆ ಹೊರಬದಿಯ ತಂತಿಯನ್ನೇ ಮುಟ್ಟುತ್ತಿದ್ದೆನೇನೋ ಎಂದು ನೆನೆದು ಮೈ ಜುಮ್ಮೆಂದಿತು.

ಹಳೆಯ ಬ್ರೇಕರನ್ನು ಬಿಡಿಸಿದಾಗ ತಂತಿಯ ತುದಿ ಕಪ್ಪಾಗಿತ್ತು. ಕರಿದ ಭಾಗವನ್ನು ಕತ್ತರಿಸಿ, ಹೊಳೆಯುವ ತಾಮ್ರ ಕಾಣುವಂತೆ ಹೊದಿಕೆಯನ್ನು ಸುಲಿದು, 16 ಆಂಪಿಯರಿನದೇ ಆದ ಹೊಸ ಬ್ರೇಕರಿಗೆ ಸೇರಿಸಿದನು. ತಿರುಪಿನ ಕೆಳಗೆ ಹೊದಿಕೆ ಸಿಕ್ಕಿಕೊಳ್ಳದಂತೆ, ಹೊರಗೆ ಬರಿಯ ತಂತಿ ಕಾಣದಂತೆ ಎಚ್ಚರ ವಹಿಸಿದನು. ತಿರುಪನ್ನು ಬಿಗಿಮಾಡಿ ತಂತಿಯನ್ನು ಮೆಲ್ಲನೆ ಎಳೆದು ನೋಡಿದನು. ಮುಚ್ಚಳ ಹಾಕಿದ ಮೇಲೆಯೇ ಮೇನ್ ಹಾಕಿ, ಬ್ರೇಕರುಗಳನ್ನು ಒಂದೊಂದಾಗಿ ಮೇಲೆತ್ತಿದನು. ಐದು ನಿಮಿಷದ ಕೆಲಸಕ್ಕೆ ಒಂದು ಗಂಟೆ ಹಿಡಿದಿತ್ತು.

ಮುಂದಿನ ವಾರ ಗೀಸರಿಗೆಂದೇ ಬೇರೆ ತಂತಿಯನ್ನೂ ಬೇರೆ ಬ್ರೇಕರನ್ನೂ ಹಾಕಿದನು. ಅದರೊಡನೆ ಆರ್.ಸಿ.ಸಿ.ಬಿ. ಎಂಬ ಇನ್ನೊಂದು ರಕ್ಷಕವನ್ನೂ ಜೋಡಿಸಿದನು. ಎಂ.ಸಿ.ಬಿ. ತಂತಿಯನ್ನು ಕಾಯುತ್ತದೆಯೇ ಹೊರತು ಮನುಷ್ಯನನ್ನಲ್ಲ. ಒಂದು ಆಂಪಿಯರಿನ ಹತ್ತನೆಯ ಒಂದು ಭಾಗ ಎದೆಯ ಮೂಲಕ ಹರಿದರೂ ಸಾವು ಬರಬಹುದು. 16 ಆಂಪಿಯರಿನ ಕಾವಲುಗಾರನಿಗೆ ಅದು ಗಮನಕ್ಕೇ ಬಾರದು. ಆರ್.ಸಿ.ಸಿ.ಬಿ.ಯಾದರೋ ಹೋದ ವಿದ್ಯುತ್ತೂ ಮರಳಿ ಬಂದ ವಿದ್ಯುತ್ತೂ ಸಮವೇ ಎಂದು ಸದಾ ತೂಗುತ್ತಿರುತ್ತದೆ. ಮನೆಗಳಲ್ಲಿ ಹಾಕುವ 30 ಮಿಲಿ ಆಂಪಿಯರಿನ ಸಾಧನವು ಅಷ್ಟು ಸೋರಿಕೆಯಾದೊಡನೆ ಸಂಪರ್ಕವನ್ನು ಕಡಿಯುತ್ತದೆ. ಅದರ ಮೇಲಿನ ಪರೀಕ್ಷಾ ಗುಂಡಿಯನ್ನು ಆಗಾಗ ಒತ್ತಿ ನೋಡುವ ಕೆಲಸವನ್ನು ಮೊಮ್ಮಗಳು ತಾನೇ ವಹಿಸಿಕೊಂಡಿದ್ದಾಳೆ.

ಕೂಲಿ ಕೊಡಲು ಹೋದಾಗ ಅವನು ಸಂಕೋಚದಿಂದ, "ನೀವೇ ಅಲ್ಲವೇ ಮೇಷ್ಟ್ರೇ, ಉತ್ತರ ಬರೆದ ಮೇಲೆ ಇನ್ನೊಮ್ಮೆ ಓದಿ ನೋಡಿ ಎನ್ನುತ್ತಿದ್ದವರು?" ಎಂದನು. ನಾನು ತರಗತಿಯಲ್ಲಿ ಹೇಳಿ ಮರೆತ ಮಾತನ್ನು ಅವನು ಬಾಳಿನಲ್ಲಿ ಉಳಿಸಿಕೊಂಡಿದ್ದನು. ಕೂಲಿಯನ್ನು ಒತ್ತಾಯಮಾಡಿ ಅವನ ಕೈಗಿತ್ತೆ. 32 ಆಂಪಿಯರಿನ ಆ ಬ್ರೇಕರು ಇಂದಿಗೂ ನನ್ನ ಮೇಜಿನ ಮೇಲಿದೆ. ಅಂಗಡಿಗೆ ಹಿಂದಿರುಗಿಸಬಹುದಾಗಿತ್ತು, ಹಿಂದಿರುಗಿಸಲಿಲ್ಲ. ಅರಿಯದ ವಿಷಯದಲ್ಲಿ ಅವಸರ ಸಲ್ಲದೆಂದು ಅದು ದಿನವೂ ನನಗೆ ಪಾಠ ಹೇಳುತ್ತಿದೆ.

ಅಭ್ಯಾಸ

1. ಫ್ಯೂಸಿಗೆ ದಪ್ಪ ತಂತಿ ಸುತ್ತಿದುದನ್ನು ಲೇಖಕರು 'ಕಾವಲುಗಾರನ ಕಣ್ಣುಕಟ್ಟಿದಂತೆ' ಎಂದು ಏಕೆ ಭಾವಿಸುತ್ತಾರೆ?
2. ವಿದ್ಯುತ್ ಕೆಲಸಗಾರನು 32 ಆಂಪಿಯರಿನ ಬ್ರೇಕರನ್ನು ಹಾಕಲು ಒಪ್ಪದಿರಲು ಕಾರಣವೇನು?
3. ಎಂ.ಸಿ.ಬಿ.ಯೊಳಗಿನ ಇಬ್ಬರು 'ಕಾವಲುಗಾರರ' ಕೆಲಸವನ್ನು ವಿವರಿಸಿ.
4. ಎಂ.ಸಿ.ಬಿ.ಗೂ ಆರ್.ಸಿ.ಸಿ.ಬಿ.ಗೂ ಇರುವ ವ್ಯತ್ಯಾಸವನ್ನು ತಿಳಿಸಿ.
5. ಸಂದರ್ಭ ಸೂಚಿಸಿ ವಿವರಿಸಿ: "ಮೀಟರೇ ಕೆಟ್ಟಿದ್ದರೂ ಸೊನ್ನೆಯನ್ನೇ ತೋರಿಸುತ್ತದೆಯಲ್ಲ, ಮೇಷ್ಟ್ರೇ!"
6. ನಿಮ್ಮ ಮನೆಯಲ್ಲಿ ಬೆಳಗಿನ ವೇಳೆ ಒಟ್ಟಿಗೆ ನಡೆಯುವ ಉಪಕರಣಗಳ ವ್ಯಾಟ್ ಪ್ರಮಾಣವನ್ನು ಕೂಡಿಸಿ, ಎಷ್ಟು ಆಂಪಿಯರ್ ಆಗುವುದೆಂದು ಲೆಕ್ಕ ಹಾಕಿ. ವಿದ್ಯುತ್ ಫಲಕವನ್ನು ಮಾತ್ರ ತೆರೆಯಬೇಡಿ.