ಚಿತ್ರ ಒಪ್ಪಿಸುವ ಮುನ್ನ ಕರಾರು ಮಾಡಿಕೊಳ್ಳಿ

ಬೆಂಗಳೂರಿನ ವೈಟ್‌ಫೀಲ್ಡ್ ರಸ್ತೆಯಲ್ಲಿ ಮುಂದೆ ನಿಂತ ಕ್ಯಾಬ್‌ನ ಹಿಂಗಾಜಿನ ಮೇಲೆ ಹುಬ್ಬು ಗಂಟಿಕ್ಕಿದ ಕೇಸರಿ-ಕಪ್ಪು ಹನುಮನನ್ನು ನೋಡದವರಿಲ್ಲ. ಕಾಸರಗೋಡಿನ ಕುಂಬಳೆಯ ಕರಣ್ ಆಚಾರ್ಯ 2015ರಲ್ಲಿ ಊರಿನ ಹುಡುಗರ ಬಾವುಟಕ್ಕೆಂದು ಬರೆದ ಚಿತ್ರವದು. ಅವರನ್ನು ಒಂದು ಮಾತೂ ಕೇಳದೆ ಅದರ ಸ್ಟಿಕ್ಕರ್, ಟಿ-ಶರ್ಟ್ ಮಾರಿದವರು ಅನೇಕರು. ಹೀಗಾಗದಿರಲು ಕಂಪನಿಗಳಿಗೆ ಚಿತ್ರ ಬರೆದುಕೊಡುವವರು ಮೊದಲೇ ಎಚ್ಚರ ವಹಿಸಬೇಕು.

ಮೊದಲು ಪುರಾವೆ. 1957ರ ಕಾಪಿರೈಟ್ ಕಾಯ್ದೆಯಂತೆ ಚಿತ್ರ ಮೂಡಿದ ಕೂಡಲೇ ಕಾಪಿರೈಟ್ ಹುಟ್ಟುತ್ತದೆ, ನೋಂದಣಿ ಕಡ್ಡಾಯವಲ್ಲ. ಆದರೂ ಮಾಡಿಸಿ. ಶುಲ್ಕ 500 ರೂಪಾಯಿ. ಸರಕಿನ ಮೇಲೆ ಬಳಸುವಂಥದ್ದಾದರೆ 2000, ಜೊತೆಗೆ ಟ್ರೇಡ್‌ಮಾರ್ಕ್ ಕಚೇರಿಯ ಪ್ರಮಾಣಪತ್ರವೂ ಬೇಕು. ಪೆನ್ಸಿಲ್ ಕರಡು, ಲೇಯರ್ ಇರುವ ಮೂಲ ಫೈಲು, ಕಳಿಸಿದ ಇಮೇಲ್ ಯಾವುದನ್ನೂ ಅಳಿಸಬೇಡಿ.

ಆಮೇಲೆ ಕರಾರು. ಕಲಾವಿದರು ಸೋಲುವುದು ಹೆಚ್ಚಾಗಿ ಇಲ್ಲೇ. ಸಂಬಳದ ಕೆಲಸದ ಭಾಗವಾಗಿ ಬರೆದದ್ದು ಕಂಪನಿಯದು. ಟೆಕ್ ಪಾರ್ಕಿನ ಗೋಡೆಗೆ ಹಣ ಪಡೆದು ಬರೆದ ವರ್ಣಚಿತ್ರಕ್ಕೂ, ಬೇರೆ ಕರಾರಿಲ್ಲದಿದ್ದರೆ, ಕಲಂ 17ರಂತೆ ಬರೆಸಿದವರೇ ಮೊದಲ ಹಕ್ಕುದಾರರು. ಹಾಗಾಗಿ ಅಡ್ವಾನ್ಸ್ ಮುಟ್ಟುವ ಮೊದಲೇ ಹಕ್ಕು ಯಾರದೆಂದು ಬರೆಸಿಕೊಳ್ಳಿ. ಪರ್ಚೇಸ್ ಆರ್ಡರಿನ ಹಿಂಬದಿಯ ಸಣ್ಣಕ್ಷರಗಳನ್ನು ಪೂರ್ತಿ ಓದಿ. ‘ಎಲ್ಲ ಹಕ್ಕು, ಶಾಶ್ವತವಾಗಿ’ ಎಂದಿದ್ದರೆ ಹೊಡೆದುಹಾಕಿಸಿ, ಇಲ್ಲವೇ ಬೇರೆ ಬೆಲೆ ಕೇಳಿ. ಯಾವ ಬಳಕೆಗೆ, ಎಷ್ಟು ವರ್ಷ, ಎಲ್ಲಿ, ಎಷ್ಟು ಹಣ ಎಂಬ ನಾಲ್ಕೂ ಇರಲಿ. ಬರಹ, ಸಹಿ ಇಲ್ಲದ ಹಕ್ಕು ವರ್ಗಾವಣೆ ಊರ್ಜಿತವಲ್ಲ. ಅವಧಿ ಹೇಳದಿದ್ದರೆ 5 ವರ್ಷವೆಂದೇ ಲೆಕ್ಕ. ಹಕ್ಕು ಮಾರಿದ ಮೇಲೂ ‘ಇದು ನನ್ನ ಕೃತಿ’ ಎನ್ನುವ ಹಕ್ಕು ಕಲಂ 57ರಂತೆ ನಿಮ್ಮದೇ. ವಿಜ್ಞಾನ ಭವನದಿಂದ ಕಿತ್ತು ಹಾಳುಗೆಡವಿದ ಭಿತ್ತಿಶಿಲ್ಪಕ್ಕಾಗಿ ಶಿಲ್ಪಿ ಅಮರನಾಥ್ ಸೆಹಗಲ್ 2005ರಲ್ಲಿ ದೆಹಲಿ ಹೈಕೋರ್ಟಿನಲ್ಲಿ 5 ಲಕ್ಷ ರೂಪಾಯಿ ಪರಿಹಾರ ಗೆದ್ದದ್ದು ಇದೇ ಕಲಮಿನಿಂದ.

ಪೀಣ್ಯದ ಕಾರ್ಖಾನೆಗೆ ವಿನ್ಯಾಸ ಕೊಡುವವರಿಗೆ ಇನ್ನೊಂದು ಮಾತು. ಡಿಸೈನ್ ಕಾಯ್ದೆಯಡಿ ನೋಂದಾಯಿಸಬಹುದಾದ ವಿನ್ಯಾಸವನ್ನು ನೋಂದಾಯಿಸದೆ, ನಿಮ್ಮ ಒಪ್ಪಿಗೆಯಿಂದಲೇ ಯಂತ್ರದಲ್ಲಿ 50ಕ್ಕಿಂತ ಹೆಚ್ಚು ಸರಕು ತಯಾರಾದರೆ ಅದರ ಕಾಪಿರೈಟ್ ಮುಗಿಯಿತು. ಮೊದಲೇ ವಕೀಲರನ್ನು ಕೇಳಿ.

ಕದ್ದದ್ದು ಕಂಡರೆ ಜಾಲತಾಣದಲ್ಲಿ ಜಗಳಕ್ಕಿಳಿಯಬೇಡಿ. ದಿನಾಂಕ ಸಹಿತ ಸ್ಕ್ರೀನ್‌ಶಾಟ್ ತೆಗೆಯಿರಿ, ಒಂದು ಮಾಲು ಕೊಂಡು ಬಿಲ್ ಇಟ್ಟುಕೊಳ್ಳಿ. ಆನ್‌ಲೈನ್ ಮಾರಾಟ ತಾಣಕ್ಕೆ ಲಿಖಿತ ದೂರು ಕೊಟ್ಟರೆ 36 ಗಂಟೆಯೊಳಗೆ ಕ್ರಮವಾಗಬೇಕು. 21 ದಿನದೊಳಗೆ ಕೋರ್ಟ್ ಆದೇಶ ತರದಿದ್ದರೆ ಆ ಮಾಲು ಮತ್ತೆ ಮಾರಾಟಕ್ಕೆ ಬರಬಹುದು. ಜೊತೆಗೇ ವಕೀಲರ ನೋಟಿಸ್ ಹೋಗಲಿ. ಕಂಪನಿ ಮುಂಬೈಯದಾದರೂ ನೀವು ವಾಸವಿರುವ ಬೆಂಗಳೂರಿನಲ್ಲೇ ದಾವೆ ಹೂಡಬಹುದು. ಗಡುವು 3 ವರ್ಷ. ವಕೀಲರ ಫೀಜಿಗೆ ಹೆದರಿ ಸುಮ್ಮನಾಗಬೇಡಿ. ಮಹಿಳೆಯರಿಗೆ, ಪರಿಶಿಷ್ಟ ಜಾತಿ-ಪಂಗಡದವರಿಗೆ ಆದಾಯ ಎಷ್ಟೇ ಇರಲಿ, ಕಾನೂನು ಸೇವಾ ಪ್ರಾಧಿಕಾರದಿಂದ ಉಚಿತ ನೆರವು ಸಿಗುತ್ತದೆ, ಸಹಾಯವಾಣಿ 15100.