ಮಾಲತಿ ಹೊಳ್ಳ ಪಾಠ: ನಾನು ತಿದ್ದಿಕೊಂಡ ಮುಕ್ತಾಯ

ತರಗತಿ: ಎಂಟು. ವಿಷಯ: ಕನ್ನಡ, ವ್ಯಕ್ತಿ ಪರಿಚಯ. ಸ್ಥಳ: ಬಿಟ್ಟಂಗಾಲ. ಅವಧಿಗಳು: 2.

ಪೀಠಿಕೆ: ‘ನಿಮಗೆ ಗೊತ್ತಿರುವ ಆಟಗಾರರು ಯಾರು?’ ಎಂದು ಕೇಳಿದೆ. ಕೊಡಗಿನ ಮಕ್ಕಳಲ್ಲವೇ, ಮೊದಲು ಹಾಕಿ ಆಟಗಾರರ ಹೆಸರುಗಳು ಬಂದವು, ಆಮೇಲೆ ರೋಹನ್ ಬೋಪಣ್ಣ. ‘ಕುಳಿತು ಆಡುವವರು?’ ಎಂದಾಗ ತರಗತಿ ಸುಮ್ಮನಾಯಿತು.

ಬೆಳವಣಿಗೆ: ಕಪ್ಪುಹಲಗೆಯ ಮೇಲೆ ಕಾಲರೇಖೆ ಎಳೆದೆ. 1958ರಲ್ಲಿ ಬೆಂಗಳೂರಿನಲ್ಲಿ ಜನನ; ಮಗುವಾಗಿದ್ದಾಗಲೇ ಪೋಲಿಯೊ. 1988ರ ಸೋಲ್, 1992ರ ಬಾರ್ಸಿಲೋನಾ ಪ್ಯಾರಾಲಿಂಪಿಕ್ಸ್. 1995ರಲ್ಲಿ ಅರ್ಜುನ ಪ್ರಶಸ್ತಿ, 2001ರಲ್ಲಿ ಪದ್ಮಶ್ರೀ. ಬ್ಯಾಂಕ್ ಉದ್ಯೋಗದ ಜೊತೆಗೆ ಗುಂಡು, ಚಕ್ರ, ಭರ್ಜಿ ಎಸೆತ ಮತ್ತು ಗಾಲಿಕುರ್ಚಿ ಓಟ. ಅಂಗವಿಕಲ ಮಕ್ಕಳಿಗಾಗಿ ಮಾತೃ ಫೌಂಡೇಶನ್.

ಮುಕ್ತಾಯದಲ್ಲಿ ಎಡವಿದೆ. ‘ಕಾಲಿಲ್ಲದವರೇ ಇಷ್ಟು ಸಾಧಿಸಿದರೆ, ಎಲ್ಲ ಸರಿಯಿರುವ ನೀವು ಎಷ್ಟು ಸಾಧಿಸಬೇಕು!’ ಎಂದುಬಿಟ್ಟೆ. ಅಲ್ಲಿಯವರೆಗೆ ಎಲ್ಲ ಪ್ರಶ್ನೆಗೂ ಕೈ ಎತ್ತುತ್ತಿದ್ದ, ಕ್ಯಾಲಿಪರ್ ಹಾಕಿಕೊಂಡ ಹುಡುಗ ತಲೆ ತಗ್ಗಿಸಿದ. ಮತ್ತೆ ಕೈ ಎತ್ತಲಿಲ್ಲ. ಮಾರ್ಗದರ್ಶಕರು ಅವಲೋಕನ ಪುಸ್ತಕದಲ್ಲಿ ಒಂದೇ ಸಾಲು ಬರೆದಿದ್ದರು: ‘ಈ “ನೀವು” ಯಾರು?’ ಆ ರಾತ್ರಿ ಪಾಠಯೋಜನೆ ಹರಿದು ಹೊಸದಾಗಿ ಬರೆದೆ.

ಎರಡನೆಯ ಅವಧಿ: ಮೊದಲು, ನಿನ್ನೆ ನಾನಾಡಿದ ಮಾತು ತಪ್ಪು ಎಂದು ಮಕ್ಕಳಿಗೆ ಹೇಳಿದೆ. ನಂತರ ಮೈದಾನಕ್ಕೆ ಒಂದು ಕುರ್ಚಿ ತರಿಸಿದೆ. ಒಬ್ಬೊಬ್ಬರೂ ನಿಂತು ಒಮ್ಮೆ, ಕುಳಿತು ಒಮ್ಮೆ ಚೆಂಡು ಎಸೆದರು; ದೂರ ಅಳೆದು ಬರೆದುಕೊಂಡರು. ಕುಳಿತಾಗ ಬಲವೆಲ್ಲ ಸೊಂಟ, ಭುಜ, ತೋಳಿನಿಂದಲೇ ಬರಬೇಕೆಂಬುದು ಮೈಗೇ ತಿಳಿಯಿತು. ಕುರ್ಚಿ ಹಿಂದಕ್ಕೆ ಜಾರಿದಾಗ ಆ ಹುಡುಗನೇ ಕೇಳಿದ: ‘ಸರ್, ನಿಜವಾದ ಪಂದ್ಯದಲ್ಲಿ ಇದನ್ನು ನೆಲಕ್ಕೆ ಕಟ್ಟುತ್ತಾರಾ?’ ಹೌದು, ಎಸೆತದ ಆಸನವನ್ನು ನೆಲಕ್ಕೆ ಬಿಗಿಯುತ್ತಾರೆ. ಇಡೀ ಪಾಠದಲ್ಲಿ ಬಂದ ಅತ್ಯುತ್ತಮ ಪ್ರಶ್ನೆ ಅದು.

ಮೌಲ್ಯಮಾಪನ: ‘ಮಾಲತಿಯವರು ಏನು ಕಳೆದುಕೊಂಡರು?’ ಎಂಬ ಪ್ರಶ್ನೆ ತೆಗೆದು, ‘ಅವರು ಯಾವ ಯಾವ ಸ್ಪರ್ಧೆಗಳಲ್ಲಿ ಪಳಗಿದರು? ಒಂದಕ್ಕೆ ಬೇಕಾದ ಕೌಶಲ ವಿವರಿಸಿ’ ಎಂದು ಸೇರಿಸಿದೆ.

ಮನೆಗೆಲಸ: ಫ್ರಾನ್ಸಿನ ಮಿಕಾಯೆಲ್ ಜೆರೆಮಿಯಾಜ್ 2008ರ ಬೀಜಿಂಗ್ ಪ್ಯಾರಾಲಿಂಪಿಕ್ಸ್‌ನಲ್ಲಿ ಗಾಲಿಕುರ್ಚಿ ಟೆನಿಸ್ ಡಬಲ್ಸ್ ಚಿನ್ನ ಗೆದ್ದವರು. ಆ ಆಟದಲ್ಲಿ ಚೆಂಡು ಎರಡು ಬಾರಿ ಪುಟಿಯಬಹುದು. ಅಂಕಣ, ಬಲೆ, ಅಂಕಗಳ ಲೆಕ್ಕ ಎಲ್ಲ ಮಾಮೂಲಿನದೇ. ಹಾಗಾದರೆ ನಮ್ಮ ಶಾಲೆಯ ಯಾವ ಆಟದಲ್ಲಿ ಯಾವ ಒಂದು ನಿಯಮ ಬದಲಿಸಿದರೆ ಎಲ್ಲರೂ ಆಡಬಹುದು?

ಪರಾಮರ್ಶೆ: ಸಾಧಕರ ಪಾಠ ಮಾಡುವ ಸಹಪಾಠಿಗಳಿಗೆ ನನ್ನದೊಂದು ಮಾತು. ಮುಕ್ತಾಯದ ವಾಕ್ಯವನ್ನು ಮೊದಲೇ ಬರೆದು, ತರಗತಿಯ ಪ್ರತಿಯೊಂದು ಮಗುವಿನ ಜಾಗದಲ್ಲಿ ಕುಳಿತು ಓದಿಕೊಳ್ಳಿ.