ಭೋರ್ ಘಾಟ್ ಮತ್ತು ರೈಲು ಎಂಜಿನಿನ ವಿಕಾಸ

ಪುಣೆಯ ಸಮೀಪದಲ್ಲಿರುವ ಭೋಸರಿ ಹೆಸರಾದ ಕೈಗಾರಿಕಾ ಪ್ರದೇಶ. ಅದಕ್ಕೆ ಹತ್ತಿರದ ಕಾಸರವಾಡಿ ನಿಲ್ದಾಣದ ಮೂಲಕ ಪುಣೆ–ಮುಂಬಯಿ ರೈಲು ಮಾರ್ಗ ಹಾದುಹೋಗುತ್ತದೆ. ಉಗಿಯಿಂದ ವಿದ್ಯುತ್ತಿನವರೆಗೆ ರೈಲು ಎಂಜಿನು ಬೆಳೆದುಬಂದ ಬಗೆಯನ್ನು ಈ ಒಂದೇ ಮಾರ್ಗದಲ್ಲಿ ಗುರುತಿಸಬಹುದು. ಲೋಣಾವಳದಾಚೆಯ ಭೋರ್ ಘಾಟ್ ಇದಕ್ಕೆ ಮುಖ್ಯ ಕಾರಣ. ಇಲ್ಲಿನ ಕಡಿದಾದ ಏರಿನಲ್ಲಿ 37 ಅಡಿ ಸಾಗುವಷ್ಟರಲ್ಲಿ ಹಳಿಯು ಒಂದು ಅಡಿ ಮೇಲೇರುತ್ತದೆ.

ಉಗಿಯ ಯುಗ

ಖಂಡಾಳ–ಪುಣೆ ಮಾರ್ಗವು 1858ರಲ್ಲಿ ಆರಂಭವಾಯಿತು. ಆಗ ಘಾಟಿನ ಹಳಿ ಸಿದ್ಧವಾಗಿರಲಿಲ್ಲ; ಪ್ರಯಾಣಿಕರು ಪಲ್ಲಕ್ಕಿ, ಕುದುರೆಗಳಲ್ಲಿ ಬೆಟ್ಟವನ್ನು ದಾಟಬೇಕಾಗಿತ್ತು. ಸಾವಿರಾರು ಕಾರ್ಮಿಕರ ಪ್ರಾಣಹಾನಿಯ ಬಳಿಕ 1863ರಲ್ಲಿ ಘಾಟ್ ಮಾರ್ಗ ಪೂರ್ಣಗೊಂಡಿತು. ಉಗಿ ಎಂಜಿನು ಕಲ್ಲಿದ್ದಲಿನ ಶಾಖದಲ್ಲಿ ಹತ್ತರಲ್ಲೊಂದು ಪಾಲನ್ನೂ ಎಳೆಯುವ ಶಕ್ತಿಯಾಗಿ ಮಾರ್ಪಡಿಸಲಾರದು. ಮೇಲಾಗಿ, ಘಾಟಿನ ನಡುವೆ ರೈಲು ನಿಂತು ದಿಕ್ಕು ಬದಲಿಸಿ ಮುಂದುವರಿಯಬೇಕಾಗಿತ್ತು.

ವಿದ್ಯುತ್ತಿನ ಆಗಮನ

1930ರ ವೇಳೆಗೆ ಪುಣೆಯವರೆಗೆ 1,500 ವೋಲ್ಟ್ ನೇರ ವಿದ್ಯುತ್ತನ್ನು ಅಳವಡಿಸಲಾಯಿತು. ದಿಕ್ಕು ಬದಲಿಸುವ ತೊಡಕನ್ನೂ ನಿವಾರಿಸಲಾಯಿತು. ಸರಕು ಸಾಗಣೆಗೆ ಸ್ವಿಟ್ಜರ್ಲೆಂಡಿನ ವಿನ್ಯಾಸದ, 'ಮೊಸಳೆ' ಎಂದೇ ಪ್ರಸಿದ್ಧವಾದ ಎಂಜಿನುಗಳು ಬಂದವು. ಇಳಿಜಾರಿನಲ್ಲಿ ಇವುಗಳ ಮೋಟಾರುಗಳೇ ಜನರೇಟರುಗಳಾಗಿ ರೈಲಿನ ವೇಗವನ್ನು ತಡೆಯುತ್ತಿದ್ದವು. ಹೀಗೆ ಉತ್ಪತ್ತಿಯಾದ ವಿದ್ಯುತ್ತು ತಂತಿಗೆ ಮರಳಿ, ಬೆಟ್ಟವನ್ನು ಏರುತ್ತಿರುವ ಬೇರೊಂದು ರೈಲಿಗೆ ಒದಗುತ್ತಿತ್ತು. ಅಂತಹ ಒಂದು ಎಂಜಿನನ್ನು ದೆಹಲಿಯ ರಾಷ್ಟ್ರೀಯ ರೈಲು ವಸ್ತುಸಂಗ್ರಹಾಲಯದಲ್ಲಿ ರಕ್ಷಿಸಿಡಲಾಗಿದೆ.

ಸ್ವದೇಶಿ ಹೆಜ್ಜೆ

ಚಿತ್ತರಂಜನ್ ಕಾರ್ಖಾನೆಯು 1950ರಲ್ಲಿ ಉಗಿ ಎಂಜಿನುಗಳ ತಯಾರಿಕೆಯನ್ನು ಆರಂಭಿಸಿತು. 1961ರಲ್ಲಿ ಅಲ್ಲಿಂದ ಹೊರಬಂದ ಮೊದಲ ವಿದ್ಯುತ್ ಎಂಜಿನಿಗೆ 'ಲೋಕಮಾನ್ಯ' ಎಂದು ಹೆಸರಿಡಲಾಯಿತು. ಪುಣೆಯನ್ನು ಕರ್ಮಭೂಮಿಯಾಗಿಸಿಕೊಂಡಿದ್ದ ತಿಲಕರ ಹೆಸರನ್ನು ಹೊತ್ತ ಈ ಎಂಜಿನು, ಪುಣೆ ಮಾರ್ಗದಲ್ಲಿದ್ದ 1,500 ವೋಲ್ಟ್ ವಿದ್ಯುತ್ತಿಗೆಂದೇ ರೂಪುಗೊಂಡಿತ್ತು.

ಇಂದಿನ ಎಂಜಿನು

ಕಡಿಮೆ ವೋಲ್ಟಿನಲ್ಲಿ ಹೆಚ್ಚು ಶಕ್ತಿಯನ್ನು ಒದಗಿಸಲು ದಪ್ಪ ತಂತಿಗಳೂ ಅಲ್ಪ ಅಂತರದಲ್ಲಿ ಉಪಕೇಂದ್ರಗಳೂ ಬೇಕಾಗುತ್ತವೆ. ಈ ಕಾರಣದಿಂದ ಮಧ್ಯ ರೈಲ್ವೆಯ ಮುಂಬಯಿ ಭಾಗದ ಮಾರ್ಗಗಳನ್ನು ಹಂತಹಂತವಾಗಿ 25,000 ವೋಲ್ಟ್ ಪರ್ಯಾಯ ವಿದ್ಯುತ್ತಿಗೆ ಪರಿವರ್ತಿಸಲಾಯಿತು. ಈ ಕಾರ್ಯ 2016ರಲ್ಲಿ ಪೂರ್ಣಗೊಂಡಿತು. ಹಳೆಯ 'ಮೊಸಳೆ'ಯ ಸಾಮರ್ಥ್ಯ ಸುಮಾರು 2,600 ಅಶ್ವಶಕ್ತಿಯಾಗಿದ್ದರೆ, ಇಂದಿನ ಡಬ್ಲ್ಯುಎಪಿ-7 ಎಂಜಿನಿನದು 6,000ಕ್ಕೂ ಅಧಿಕ.

ಆದರೂ ಬೆಟ್ಟದ ಏರು ಬದಲಾಗಿಲ್ಲ. ಘಾಟನ್ನು ಹತ್ತುವ ಹಲವು ರೈಲುಗಳಿಗೆ ಕರ್ಜತ್‌ನಲ್ಲಿ ಇಂದಿಗೂ ಹಿಂದಿನಿಂದ ಹೆಚ್ಚುವರಿ ಎಂಜಿನುಗಳನ್ನು ಜೋಡಿಸಲಾಗುತ್ತದೆ. ಇಳಿಯುವಾಗ ವಿದ್ಯುತ್ತನ್ನು ತಂತಿಗೆ ಮರಳಿಸುವ 'ಮೊಸಳೆ'ಯ ಉಪಾಯವನ್ನು ಆಧುನಿಕ ಎಂಜಿನುಗಳೂ ಉಳಿಸಿಕೊಂಡಿವೆ. ಎಂಜಿನಿನ ಪ್ರಗತಿಯನ್ನು ಅದರ ವೇಗದಿಂದ ಮಾತ್ರವಲ್ಲದೆ, ಅದು ಉಳಿಸುವ ಶಕ್ತಿಯಿಂದಲೂ ಅಳೆಯಬೇಕೆಂಬುದನ್ನು ಭೋರ್ ಘಾಟಿನ ಇತಿಹಾಸ ತಿಳಿಸುತ್ತದೆ.